ರಾಜನ ಒಂದೇ ನೆಗೆತ

1965ರ ಬೇಸಗೆಯ ಒಂದು ಮಧ್ಯಾಹ್ನ ಸಾಗರದ ವೆಂಕಟರಾಮ ಮೇಷ್ಟ್ರು ಶಾಲೆಯ ಕರಿಹಲಗೆಗೆ ಹೊಸ ಕಾಲು ಮಾಡಿಸಲೆಂದು ಮರ ಕೊಯ್ಯುವ ಮಿಲ್ಲಿಗೆ ಹೋಗಿದ್ದರು. ಊಟದ ಹೊತ್ತಾದ್ದರಿಂದ ಗರಗಸ ನಿಂತಿತ್ತು. ದಿಮ್ಮಿಯೊಂದರ ಮೇಲೆ ನಲವತ್ತು ದಾಟಿದ ಆಳೊಬ್ಬ ಕುಳಿತಿದ್ದ. ಹುಬ್ಬು ರೆಪ್ಪೆಗಳಿಗೆಲ್ಲ ಮರದ ಹೊಟ್ಟು ಮೆತ್ತಿತ್ತು. ಮುಂದೆ ಇದ್ದಿಲಿನಿಂದ ಮನೆ ಬರೆದ ಹಲಗೆ, ಅದರ ಮೇಲೆ ಚಕ್ಕೆಗಳನ್ನು ಕೆತ್ತಿ ಮಾಡಿದ ಚದುರಂಗದ ಕಾಯಿ. ಎದುರಾಳಿ ಇರಲಿಲ್ಲ. ಒಂದು ನಡೆ ನಡೆಸುವುದು, ಎದ್ದು ಆಚೆ ಬದಿಗೆ ಹೋಗಿ ಕೂರುವುದು, ಅಲ್ಲಿಂದ ಇನ್ನೊಂದು ನಡೆಸುವುದು. ಹೀಗೆ ಅವನು ತನ್ನೊಡನೆ ತಾನೇ ಆಡುತ್ತಿದ್ದ.

ಚದುರಂಗವೆಂದರೆ ಮೇಷ್ಟ್ರಿಗೂ ಪ್ರಾಣ. ನಿಂತು ನೋಡಿದರು. ಆತ ರಾಜನನ್ನು ಎತ್ತಿ ಕುದುರೆಯ ಹಾಗೆ ಎರಡೂವರೆ ಮನೆ ಹಾರಿಸಿದ.

“ರಾಜ ಹಾಗೆ ಹಾರೋ ಹಾಗಿಲ್ಲಪ್ಪ,” ಎಂದರು ಮೇಷ್ಟ್ರು.

ಆತ ತಲೆ ಎತ್ತಲಿಲ್ಲ. “ನಮ್ಮೂರಾಗೆ ಹಾರ್ತಾನೆ. ಅವನ ಮೇಲೆ ಏಟು, ಚೆಕ್ಕು ಅಂತಾರಲ್ಲ ಅದು, ಬಿದ್ದಿರ್ಬಾರ್ದು ಅಷ್ಟೆ. ಒಂದೇ ಸಲ.”

“ಯಾವೂರು ನಿಂದು?”

“ಹೊಳೆಕೊಪ್ಪ.”

“ಎಲ್ಲಿ ಬರುತ್ತೆ ಅದು?”

“ಬರಲ್ಲ. ನೀರಾಗೈತೆ.”

ಶರಾವತಿಗೆ ಅಣೆಕಟ್ಟು ಎದ್ದು ಹಿಂದಿನ ವರ್ಷ ಮುಳುಗಿದ ಊರುಗಳಲ್ಲಿ ಅದೂ ಒಂದು. ಅವನ ಹೆಸರು ಜಟ್ಟಿಂಗಪ್ಪ. ಹೊಳೆಕೊಪ್ಪದ ಚಾವಡಿಯಲ್ಲಿ ಯಾರೋ ಹಿಂದಿನವರು ಅರವತ್ತನಾಲ್ಕು ಮನೆ ಕೊರೆದಿಟ್ಟ ಹಾಸುಗಲ್ಲೊಂದಿತ್ತಂತೆ. ಆ ಕಲ್ಲಿನ ಮೇಲೆ ಅವನನ್ನು ಸೋಲಿಸಿದವರು ಹೊಳೆಯ ಈ ದಡದಲ್ಲೂ ಇರಲಿಲ್ಲ, ಆ ದಡದಲ್ಲೂ ಇರಲಿಲ್ಲ. ಊರು ಖಾಲಿ ಮಾಡುವ ದಿನ ನಾಲ್ಕು ಜನ ಸೇರಿ ಆ ಕಲ್ಲನ್ನು ಎಬ್ಬಿಸಲು ನೋಡಿದರು. ಕಲ್ಲು ಏಳಲಿಲ್ಲ. ಗಾಡಿ ಕಾಯುತ್ತಿತ್ತು, ಬಿಟ್ಟು ಬಂದರು.

ಅಂದಿನಿಂದ ಮೇಷ್ಟ್ರ ಮನೆಯ ಜಗಲಿಯಲ್ಲಿ ಸಂಜೆಯ ಆಟ ಶುರುವಾಯಿತು. ಎಂಟು ತಾಸು ಗರಗಸದ ಮುಂದೆ ನಿಂತು ಬಂದ ಜಟ್ಟಿಂಗಪ್ಪ ಮೊದಲು ಒಂದು ಚೊಂಬು ನೀರು ಕುಡಿದು ಕಂಬಕ್ಕೆ ಒರಗಿ ಕಣ್ಣು ಮುಚ್ಚುತ್ತಿದ್ದ. ಕಣ್ಣು ಮುಚ್ಚಿಕೊಂಡೇ ನಡೆ ಹೇಳುತ್ತಿದ್ದ. ಮೇಷ್ಟ್ರು ಹತ್ತರಲ್ಲಿ ಎಂಟು ಆಟ ಸೋತರು. ಆದರೆ ಹೊರಗಿನ ಪಂದ್ಯಕ್ಕೆ ಹೋಗಬೇಕಾದರೆ ಹೊರಗಿನ ಕಾಯಿದೆ ಬೇಕು. ಕಾಲಾಳು ಮೊದಲ ನಡೆಯಲ್ಲಿ ಎರಡು ಮನೆ ಹೋಗಬಹುದು, ರಾಜ ಆನೆಯ ಜೊತೆ ಸೇರಿ ಕೋಟೆ ಕಟ್ಟಬಹುದು, ಆದರೆ ಹಾರುವಂತಿಲ್ಲ. ಏಳು ತಿಂಗಳು ಮೇಷ್ಟ್ರು ಇದನ್ನೇ ಪಾಠ ಮಾಡಿದರು. ಜಟ್ಟಿಂಗಪ್ಪ ಮಗ್ಗಿ ಕಲಿಯುವ ಮಗುವಿನಂತೆ ಕಲಿತ.

1966ರ ಆರಂಭದಲ್ಲಿ ತೀರ್ಥಹಳ್ಳಿಯಲ್ಲಿ ಮೂರು ತಾಲ್ಲೂಕುಗಳ ಪಂದ್ಯ ಗೊತ್ತಾಯಿತು. ಗೆದ್ದವನು ಮೈಸೂರಿನ ದೊಡ್ಡ ಪಂದ್ಯಕ್ಕೆ ಹೋಗಬೇಕು. ಅಲ್ಲಿ ಬಾಗಿಲಲ್ಲೇ ಒಂದು ಹಲಗೆಯಿಟ್ಟು, ಆಟಗಾರರ ಹೆಸರನ್ನೂ ಊರನ್ನೂ ದಪ್ಪಕ್ಷರದಲ್ಲಿ ಬರೆಯುತ್ತಾರೆಂದು ಮೇಷ್ಟ್ರು ಮಾತಿನ ನಡುವೆ ಹೇಳಿದರು.

“ಊರೂ ಬರೀತಾರಾ?” ಎಂದು ಜಟ್ಟಿಂಗಪ್ಪ ಕಣ್ಣು ತೆರೆದ.

“ಬರೀತಾರೆ.”

“ಹಂಗಾರೆ ಹೋಗಾನ.”

ಪಂದ್ಯದ ದಿನ ತೀರ್ಥಹಳ್ಳಿಯಲ್ಲಿ ಹೆಸರು ಬರೆದುಕೊಳ್ಳುತ್ತಿದ್ದವರು ಮುಕುಂದಯ್ಯನವರು, ತೀರ್ಪುಗಾರರೂ ಅವರೇ. ಹೊಳೆಕೊಪ್ಪ ಎಂದಾಗ ಪೆನ್ನು ನಿಲ್ಲಿಸಿದರು. “ಅದೀಗ ಯಾವ ಪಟ್ಟೀಲೂ ಇಲ್ವಲ್ಲ ಮಾರಾಯ. ಸಾಗರ ಅಂತ ಹಾಕ್ಲಾ?”

“ಸಾಗರದಾಗೆ ಕೂಲಿ ಮಾಡ್ತೀನಿ ಸ್ವಾಮಿ. ಊರು ಹೊಳೆಕೊಪ್ಪಾನೇ.”

ಮುಕುಂದಯ್ಯನವರು ನಿಟ್ಟುಸಿರು ಬಿಟ್ಟು ಹಾಗೆಯೇ ಬರೆದರು.

ಹಿಂದಿನ ದಿನವೂ ಪೂರ್ತಿ ಗರಗಸದ ಮುಂದೆ ನಿಂತು, ಬೆಳಗಿನ ಮೊದಲ ಬಸ್ಸಿಗೆ ಹೊಸನಗರದ ಮೇಲೆ ಹಾದು ಬಂದವನು ಜಟ್ಟಿಂಗಪ್ಪ. ಆದರೂ ಮೂರು ಆಟ ಗೆದ್ದ. ಕೊನೆಯ ಆಟ ತೀರ್ಥಹಳ್ಳಿಯ ಸುಬ್ಬಕೃಷ್ಣನ ಮೇಲೆ. ಕಾಲೇಜು ಮುಗಿಸಿದ ಹುಡುಗ, ಪುಸ್ತಕ ಓದಿ ಆಡುವವನು. ಮೂರು ಗಂಟೆಯ ಹೊತ್ತಿಗೆ ಜಟ್ಟಿಂಗಪ್ಪನ ಕೈಯಲ್ಲಿ ಒಂದು ಕುದುರೆ ಹೆಚ್ಚಿಗೆ ಇತ್ತು. ಹೊಸ ಕಾಯಿದೆಯಂತೆ ಕೋಟೆಯನ್ನೂ ಕಟ್ಟಿದ್ದ. ಸುಬ್ಬಕೃಷ್ಣನ ಮಂತ್ರಿ ಕೋಟೆಯ ಬಾಗಿಲಿಗೆ ಬಂದು ನಿಂತಿದ್ದ, ನಿಜ. ಆದರೆ ಆನೆಯ ಮುಂದಿನ ಕಾಲಾಳನ್ನು ಒಂದು ಮನೆ ತಳ್ಳಿದರೆ ಆ ಭಯವೂ ತೀರುತ್ತಿತ್ತು. ಹಿಂದೆ ನಿಂತಿದ್ದ ಮೇಷ್ಟ್ರು ಮನಸ್ಸಿನಲ್ಲೇ ಅದನ್ನು ತಳ್ಳಿಯೂ ಬಿಟ್ಟಿದ್ದರು.

ಜಟ್ಟಿಂಗಪ್ಪ ಒಮ್ಮೆ ಕಣ್ಣುಜ್ಜಿಕೊಂಡ. ಕೈ ಮುಂದೆ ಹೋಯಿತು. ರಾಜನನ್ನು ಎತ್ತಿತು. ಎರಡೂವರೆ ಮನೆ ಹಾರಿಸಿ ಇಟ್ಟಿತು.

ಹಿಂದಿನ ಬೆಂಚಿನಿಂದ ಯಾರೋ, “ಅದು ರಾಜನೋ ಕಪ್ಪೆಯೋ ಮಾರಾಯ್ರೆ?” ಎಂದರು. ನಗು ಎದ್ದಿತು.

ಜಟ್ಟಿಂಗಪ್ಪ ತನ್ನ ಕೈಯನ್ನೇ ನೋಡಿಕೊಂಡ. ಆ ಆಟದಲ್ಲಿ ರಾಜನ ಮೇಲೆ ಅಲ್ಲಿಯವರೆಗೆ ಒಂದು ಏಟೂ ಬಿದ್ದಿರಲಿಲ್ಲ. ಹೊಳೆಕೊಪ್ಪದ ಕಲ್ಲಿನ ಮೇಲಾಗಿದ್ದರೆ ಅದಕ್ಕಿಂತ ಒಳ್ಳೆಯ ನಡೆ ಇರಲಿಲ್ಲ.

“ಹಾರಿಸಿದ್ದು ಲೆಕ್ಕಕ್ಕಿಲ್ಲ,” ಎಂದರು ಮುಕುಂದಯ್ಯನವರು. “ಆದ್ರೆ ಮುಟ್ಟಿದ ಕಾಯಿನೇ ನಡೆಸ್ಬೇಕು.”

ಸುಬ್ಬಕೃಷ್ಣ ನಗಲಿಲ್ಲ. “ಇರ್ಲಿ ಸ್ವಾಮಿ, ಅವ್ರು ಬೇರೆ ಕಾಯಿ ನಡೆಸ್ಲಿ. ನಂದೇನೂ ಅಡ್ಡಿಯಿಲ್ಲ.” ಮುಕುಂದಯ್ಯನವರು ಆಗಲಿ ಎನ್ನುವಂತೆ ಜಟ್ಟಿಂಗಪ್ಪನತ್ತ ತಿರುಗಿದರು.

ಮೈಸೂರಿನ ಹಲಗೆ ಅಷ್ಟು ಹತ್ತಿರವಿತ್ತು. ಹೂಂ ಅನ್ನಲಿ ಎಂದು ಮೇಷ್ಟ್ರು ಉಸಿರು ಹಿಡಿದು ನಿಂತರು.

“ಬ್ಯಾಡ ಬುದ್ಧಿ,” ಎಂದ ಜಟ್ಟಿಂಗಪ್ಪ. “ಮುಟ್ಟಿದ್ದು ಮುಟ್ಟಿದ್ದೇ. ನಮ್ಮೂರಾಗೂ ಹಂಗೇ.”

ರಾಜನಿಗೆ ಇದ್ದದ್ದು ಪಕ್ಕದ ಒಂದೇ ಮನೆ. ಅಲ್ಲಿಗೆ ನಡೆಸಿದ. ಮತ್ತೆರಡು ನಡೆಯಲ್ಲಿ ರಾಜನಿಗೆ ಹೋಗಲು ಮನೆಯೇ ಇಲ್ಲವಾಯಿತು.

ಹಿಂದಿರುಗುವಾಗ ಬಸ್ಸು ಹೊಸನಗರ ದಾಟಿತು. ಮೇಷ್ಟ್ರು, “ನನ್ನದೇ ತಪ್ಪು. ಇನ್ನೊಂದು ವರ್ಷ ಪಾಠ ಆಗ್ಬೇಕಿತ್ತು,” ಎಂದರು.

“ಇಲ್ಲ ಮೇಷ್ಟ್ರೆ. ನೀವು ಸಮ ಹೇಳಿಕೊಟ್ರಿ.” ಜಟ್ಟಿಂಗಪ್ಪ ಕಿಟಕಿಯ ಸರಳಿಗೆ ತಲೆ ಆನಿಸಿಕೊಂಡಿದ್ದ. “ಹೊಸ ಮನೆ ಅಂದ್ರು, ಕಲ್ತೆ. ಹೊಸ ಕೆಲ್ಸ ಅಂದ್ರು, ಅದ್ನೂ ಕಲ್ತೆ. ಆಟನೂ ಹೊಸದು ಅಂದ್ರಿ, ಕಲ್ತೆ. ತಲಿಗೆ ಎಲ್ಲಾ ಹತ್ತೈತೆ. ಕೈಗೆ ಸಾಕಾಗೈತೆ.”

ಮುಂದೆ ಅವನು ಯಾವ ಪಂದ್ಯಕ್ಕೂ ಹೋಗಲಿಲ್ಲ. ಮೇಷ್ಟ್ರು ಎರಡು ಸಲ ಕೇಳಿದರು, ಮೂರನೆಯ ಸಲ ಕೇಳಲಿಲ್ಲ.

ಮೈಸೂರಿಗೆ ಸುಬ್ಬಕೃಷ್ಣ ಹೋದ. ಹನ್ನೊಂದನೆಯವನಾಗಿ ಬಂದ. ಅದೇ ಮಳೆಗಾಲದಲ್ಲಿ ಮಿಲ್ಲಿಗೆ ಅವನಿಂದ ಒಂದು ಕಾರ್ಡು ಬಂತು. ಜಟ್ಟಿಂಗಪ್ಪ ಅದನ್ನು ಮೇಷ್ಟ್ರ ಬಳಿ ಓದಿಸಿದ. ‘ಅಂದಿನ ನಿಮ್ಮ ನಡೆಯನ್ನು ಮನೆಯಲ್ಲಿ ಇಟ್ಟು ನೋಡಿದೆ. ಹೊರಡುವಾಗ ಮೇಷ್ಟ್ರು ವಿವರಿಸಿದ ನಿಮ್ಮ ಕಾಯಿದೆಯಲ್ಲಿ ನಾನು ಸೋತಿದ್ದೆ. ಅದೇ ಕಾಯಿದೆಯಲ್ಲಿ ಕಾರ್ಡಿನ ಮೇಲೆ ಒಂದು ಆಟ ಆಡಬಹುದೇ?’ ಮೇಷ್ಟ್ರು ಕಾರ್ಡು ತಿರುಗಿಸಿದರು. ವಿಳಾಸ ಹೀಗಿತ್ತು: ‘ಹೊಳೆಕೊಪ್ಪದ ಜಟ್ಟಿಂಗಪ್ಪನವರಿಗೆ, ಮರದ ಮಿಲ್ಲು, ಸಾಗರ.’

“ಇನ್ನೊಂದ್ಸಲ ಓದ್ರಿ, ಆ ಬದಿದು,” ಎಂದ ಜಟ್ಟಿಂಗಪ್ಪ.

ಈಗ 1969. ಮೇಷ್ಟ್ರು ನಿವೃತ್ತರಾಗಿ ಒಂದು ವರ್ಷವಾಯಿತು. ಜಟ್ಟಿಂಗಪ್ಪನಿಗೆ ಕೆಮ್ಮು ಹಿಡಿದು, ಗರಗಸ ಬಿಟ್ಟು ಹಲಗೆ ಪೇರಿಸುವ ಕೆಲಸದಲ್ಲಿದ್ದಾನೆ. ವಾರಕ್ಕೊಂದು ಕಾರ್ಡು ಬರುತ್ತದೆ, ಒಂದು ಹೋಗುತ್ತದೆ. ಒಂದು ಆಟ ಅವನು ಗೆದ್ದ, ಒಂದು ಸುಬ್ಬಕೃಷ್ಣ ಗೆದ್ದ, ನಡೆಯುತ್ತಿರುವುದು ಮೂರನೆಯದು. ಭಾನುವಾರ ಸಂಜೆ ಜಗಲಿಗೆ ಬಂದು, ನೀರು ಕುಡಿದು, ಕಂಬಕ್ಕೆ ಒರಗುತ್ತಾನೆ. ಮೇಷ್ಟ್ರು ಮೊದಲು ವಿಳಾಸ ಓದಬೇಕು, ಆಮೇಲೆ ನಡೆ. ಒಮ್ಮೊಮ್ಮೆ ಉತ್ತರ ಹೇಳುವ ಮೊದಲೇ ಅವನಿಗೆ ನಿದ್ದೆ ಹತ್ತುತ್ತದೆ. ಮೇಷ್ಟ್ರು ಪೆನ್ನು ಹಿಡಿದುಕೊಂಡೇ ಕಾಯುತ್ತಾರೆ.

ಈ ಆಟದಲ್ಲಿ ಅವನ ರಾಜ ಇನ್ನೂ ನೆಗೆದಿಲ್ಲ.

“ಇವತ್ತಾದ್ರೂ ಹಾರಿಸ್ತೀಯೇನೋ?” ಎಂದು ಮೊನ್ನೆ ಮೇಷ್ಟ್ರು ಕೇಳಿದರು.

“ಇರ್ಲಿ ಮೇಷ್ಟ್ರೆ, ಇರಾದೇ ಒಂದು.” ಕಣ್ಣು ಮುಚ್ಚಿಯೇ ಇತ್ತು. “ಆನೆ ಮುಂದಿನ ಕಾಲಾಳು, ಒಂದು ಮನೆ. ಬರೀರಿ.”