ಅಕ್ಕನ ಸಮಾಧಿಗೆ ನಾಲ್ಕು ಸಾಲು

ಸಮಾಧಿಕಲ್ಲು ಕೆತ್ತುವ ಅಂಗಡಿಯಲ್ಲಿ ಅವಳನ್ನು ಎಲ್ಲರೂ ಕರೆಯುತ್ತಿದ್ದದ್ದು ಗ್ರೀಕಮ್ಮ ಎಂದೇ. ಉಳಿ ಸುತ್ತಿಗೆ ಹಿಡಿದು ಸತ್ತವರ ಹೆಸರು ಕೆತ್ತುವುದು, ಊಟದ ಬಿಡುವಿನಲ್ಲಿ ಮೈಮೇಲಿನ ಕಲ್ಲಿನ ಪುಡಿ ಕೊಡವಿ ಗ್ರೀಕ್, ಲ್ಯಾಟಿನ್ ಕಾವ್ಯ ಓದುವುದು. ಓದಿ ಸುಮ್ಮನಿದ್ದಾಳೆಯೇ? ಅದೇ ಧಾಟಿಯಲ್ಲಿ ತಾನೂ ಬರೆದು ಎರಡು ಸಂಕಲನ ತಂದಳು. “ಸತ್ತ ಭಾಷೆ ಕಟ್ಕೊಂಡು ನಿಂಗೇನಾಗ್ಬೇಕು?” ಎಂದವರಿಗೆ, “ನನ್ನ ಹೊಟ್ಟೆಪಾಡೇ ಸತ್ತವರಿಂದಲ್ವಾ?” ಎಂದು ಬಾಯಿ ಮುಚ್ಚಿಸುತ್ತಿದ್ದಳು.

ಅಂಥವಳ ಅಕ್ಕ ತೀರಿಕೊಂಡಳು. ಭಾವ ಅಂಗಡಿಗೆ ಬಂದು, “ಪತಿಯೇ ಸರ್ವಸ್ವವೆಂದು ಬಾಳಿದ ಸಾಧ್ವಿ ಅಂತ ಕೆತ್ತು. ಮೇಲೆ ನನ್ನ ಹೆಸರು ದೊಡ್ಡದಾಗಿರ್ಲಿ” ಎಂದ. ಗ್ರೀಕಮ್ಮನ ಮೈಯೆಲ್ಲ ಉರಿದುಹೋಯಿತು. ಬೇಕರಿ ನಡೆಸಿದ್ದು ಅಕ್ಕ. ಈ ಮಹಾನುಭಾವ ಗಲ್ಲಾದ ಮುಂದೆ ಕಾಲಮೇಲೆ ಕಾಲು ಹಾಕಿ ಕೂತದ್ದೇ ಬಂತು.

ಹಳೆಯ ಗ್ರೀಕ್ ಸಮಾಧಿಗಳಲ್ಲಿ ಸತ್ತವರೇ ‘ನಾನು’ ಎಂದು ಮಾತಾಡುತ್ತಾರೆ. ದಾರಿಹೋಕರು ಅದನ್ನು ಗಟ್ಟಿಯಾಗಿ ಓದಿದರೆ ಸತ್ತವರಿಗೆ ಮತ್ತೆ ನಾಲಿಗೆ ಬಂದಂತೆ. ಗ್ರೀಕಮ್ಮ ಅದೇ ಕ್ರಮದಲ್ಲಿ ಅಕ್ಕನ ಕಲ್ಲಿನ ಮೇಲೆ ನಾಲ್ಕು ಸಾಲು ಕೆತ್ತಿದಳು.

ಅಂಗಡಿ ಯಜಮಾನ ನೋಡಿ ಬೆವೆತುಹೋದ. “ಹೇಳಿದ್ದನ್ನ ಕೆತ್ತಮ್ಮಾ. ಇಲ್ಲಾಂದ್ರೆ ಈ ಅಂಗಡಿ ಕಡೆ ತಲೆ ಹಾಕ್ಬೇಡ.”

“ಕೆಲ್ಸ ಇನ್ನೊಂದು ಸಿಗತ್ತೆ. ಅಕ್ಕ ಇನ್ನೊಂದ್ಸಲ ಸಾಯಲ್ಲ” ಎಂದಳು. ಒಂದಕ್ಷರವನ್ನೂ ಅಳಿಸದೆ, ಬರಬೇಕಿದ್ದ ಕೂಲಿಗೆ ಬದಲಾಗಿ ಆ ಕಲ್ಲನ್ನೇ ಪಡೆದು, ಬಟ್ಟೆ ಹೊದಿಸಿ ಸಮಾಧಿಗೆ ಸಾಗಿಸಿದಳು.

ಕಲ್ಲು ನಿಲ್ಲಿಸಿದ ದಿನ ನೆಂಟರೆಲ್ಲ ಸೇರಿದ್ದರು. ನಾಲ್ಕು ಜನರ ಮುಂದೆ ಗಂಟಲು ಬಿಚ್ಚುವುದೆಂದರೆ ಭಾವನಿಗೆ ಎಲ್ಲಿಲ್ಲದ ಹುರುಪು. ಬಟ್ಟೆ ಸರಿಸಿದ್ದೇ ತಡ, ಮೊದಲೊಮ್ಮೆ ಕಣ್ಣಾಡಿಸಿಯೂ ನೋಡದೆ ಗಟ್ಟಿಯಾಗಿ ಓದತೊಡಗಿದ. “ನಿಲ್ಲಿ, ದಾರಿಹೋಕರೇ. ಹಿಟ್ಟು ನಾದಿದವಳು ನಾನು, ಒಲೆ ಕಾದವಳು ನಾನು. ಬೋರ್ಡಿನ ಮೇಲಿದ್ದದ್ದು ಗಂಡನ ಹೆಸರು...”

ಅಲ್ಲಿಗೆ ಓದು ನಿಂತಿತು. ಯಾರೋ ಕಿಸಕ್ಕನೆ ನಕ್ಕರು.

“ಏನಿದು? ಅಳಿಸು ಇದನ್ನ!”

“ಆಗಲ್ಲ ಭಾವ. ಕಲ್ಲೊಳಗೆ ಆಳಕ್ಕೆ ಇಳಿಸಿದೀನಿ. ಇನ್ನೊಂದು ಸಾಲಿದೆ, ಓದಿ.”

ಅವನು ಕಲ್ಲಿಗೆ ಬೆನ್ನು ತಿರುಗಿಸಿದ. ಆಗ ಅವನ ಮಗಳು ಮುಂದೆ ಬಂದಳು. ಅಮ್ಮ ಹೋದಮೇಲೆ ಬೇಕರಿಯ ಹಿಟ್ಟು ನಾದುತ್ತಿದ್ದವಳು ಅವಳೇ. ಚಿಕ್ಕಮ್ಮನನ್ನೊಮ್ಮೆ ನೋಡಿ, ಕಲ್ಲಿನತ್ತ ಬಾಗಿ, ನೆಂಟರಿಗೆಲ್ಲ ಕೇಳುವಂತೆ ಓದಿದಳು:

“ಬ್ರೆಡ್ಡು ತಿಂದು ಅವನನ್ನು ಹೊಗಳಿದಿರಿ. ಈಗ ನನ್ನನ್ನು ಹೊಗಳಿ.”

ಕೊನೆಯ ಮಾತನ್ನು ಅವಳು ಕಲ್ಲು ನೋಡಿ ಓದಲಿಲ್ಲ, ಅಪ್ಪನ ಮುಖ ನೋಡಿಕೊಂಡೇ ಹೇಳಿದಳು.