ಓದದೆ ಇಟ್ಟ ಬೀಜಗಳು

"ಚಾಚಾ, ಜರಾ ಪೀಛೆ ಸರ್ಕೋ."

ಸ್ವಲ್ಪ ಹಿಂದೆ ಸರಿಯಿರಿ ಎಂದರ್ಥ. ಬಳ್ಳಾರಿಯ ಮಸೀದಿಯಲ್ಲಿ ನಾನು ಕೇಳಿದ ಮೊದಲ ಮಾತು ಅದು. ಗುರುವಾರದ ಜಿಕ್ರ್‌ಗೆ, ಅಂದರೆ ದೇವರ ನಾಮಸ್ಮರಣೆಗೆ, ಅಭ್ಯಾಸಬಲದಿಂದ ಮುಂದೆ ಹೋಗಿ ಕುಳಿತಿದ್ದೆ. ನಮ್ಮೂರು ಸಿರುಗುಪ್ಪದಲ್ಲಿ, ನಿಮಗೆಲ್ಲ ಗೊತ್ತೇ ಇದೆ, ನಾನು ದನಿ ತೆಗೆಯದೆ ಜಿಕ್ರ್ ಶುರುವಾಗುತ್ತಿರಲಿಲ್ಲ.

ಹೆಂಡತಿ ಮಾಬುನ್ನಿಯ ಎದೆಬೇನೆಗೆ ಆಸ್ಪತ್ರೆ ಹತ್ತಿರವಿರಲಿ ಎಂದು ಅಕ್ಕಿ ಗಿರಣಿಯ ಕೆಲಸ ಬಿಟ್ಟು ಬಳ್ಳಾರಿಯ ಕೌಲ್ ಬಜಾರಿನಲ್ಲಿ ಬಾಡಿಗೆ ಮನೆ ಹಿಡಿದಿದ್ದೆವು. ಅಲ್ಲಿ ಕಾಲುವೆಯ ತಂಪು, ಇಲ್ಲಿ ಬಂಡೆಯ ಕಾವು. ನಾವು ಮನೆಯಲ್ಲಿ ಕನ್ನಡ ಆಡುವ ಮುಸಲ್ಮಾನರು. ಇಲ್ಲಿ ಓಣಿಯೆಲ್ಲ ಉರ್ದು. ಆದರೂ ಮಾಬುನ್ನಿ ಬೇಗ ಬೆರೆತಳು. ನಾನು ಬೆರೆಯದಿದ್ದುದಕ್ಕೆ ಕಾರಣ ಕಾಸಿಂ ಭಾಯಿ. ಅವರೂ ಹೊರಗಿನವರು, ಕುರುಗೋಡಿನಿಂದ ಬಂದು ನೆಲೆಸಿದವರು, ನನ್ನಂತೆ ಕನ್ನಡದವರೇ. ಆದರೆ ಇಲ್ಲಿ ಜಿಕ್ರ್ ನಡೆಸುವವರು ಅವರೇ. ಹಲ್ಲಿಲ್ಲದ ಬಾಯಿಯಿಂದ ಅಂಥ ದನಿ ಹೇಗೆ ಬರುತ್ತದೋ ಎಂದು ಹೊಟ್ಟೆ ಉರಿಯುತ್ತಿತ್ತು.

ಮಾಬುನ್ನಿಯ ಆಪರೇಷನ್ನಿನ ಹಿಂದಿನ ದಿನ ಓಣಿಯವರೇ ನಮ್ಮ ಮನೆಯಲ್ಲಿ ಆಯತೆ ಕರೀಮಾ ಓದಲು ಸೇರಿದರು. ಮೀನಿನ ಹೊಟ್ಟೆಯಲ್ಲಿ ಸಿಕ್ಕಿಬಿದ್ದ ಯೂನುಸ್ ಪೈಗಂಬರರು, ತಪ್ಪು ನನ್ನದೇ ಎಂದು ದೇವರಿಗೆ ಮೊರೆಯಿಟ್ಟ ಪ್ರಾರ್ಥನೆ ಅದು. ಬಿಳಿ ಹಾಸಿನ ಮೇಲೆ ಹುಣಸೆ ಬೀಜ ಸುರಿದು ಸುತ್ತ ಕೂರುತ್ತಾರೆ. ಒಂದು ಸಲ ಓದಿದರೆ ಒಂದು ಬೀಜ ಪಕ್ಕಕ್ಕೆ ಇಡಬೇಕು.

ಕಾಸಿಂ ಭಾಯಿಯ ಮುಂದೆ ಗುಡ್ಡೆ ಬೆಳೆಯುತ್ತಿತ್ತು. ನನ್ನ ಹೆಂಡತಿಗಾಗಿ ನನಗಿಂತ ಹೆಚ್ಚು ಅವರು ಓದುವುದೇ? ನನ್ನ ಬೆರಳು ನಾಲಿಗೆಗಿಂತ ಮುಂದೆ ಓಡಿತು. ಓದದೆಯೇ ಬೀಜ ಇಟ್ಟೆ. ಮತ್ತೆ ಇಟ್ಟೆ.

"ಸಿರುಗುಪ್ಪದ ಗಿರಣಿ ಭಾಳ ಜೋರೈತಲ್ರಿ," ಎಂದರು ಕಾಸಿಂ ಭಾಯಿ. ಎಲ್ಲರೂ ನಕ್ಕರು.

ಬೀಜ ಮುಗಿದು ದುವಾಕ್ಕೆ, ಕೊನೆಯ ಬೇಡಿಕೆಗೆ, ಕೈ ಎತ್ತುವ ಹೊತ್ತಿಗೆ ಒಳಕೋಣೆಯಲ್ಲಿ ಮಾಬುನ್ನಿ ಕೆಮ್ಮಿದಳು. ನನ್ನ ಕೈ ಮೇಲೇಳಲಿಲ್ಲ.

"ನಾ ಓದಲಾರ್ದ ಬೀಜ ಇಟ್ಟೀನ್ರಿ."

"ಎಷ್ಟ್ರಿ?" ಎಂದರು ಕಾಸಿಂ ಭಾಯಿ.

"ಗೊತ್ತಿಲ್ರಿ."

ಕಾಸಿಂ ಭಾಯಿ ಎಲ್ಲರ ಗುಡ್ಡೆಗಳನ್ನೂ ಎರಡೂ ಕೈಯಿಂದ ಕಲೆಸಿಬಿಟ್ಟರು. "ಕುಂದರ್ರಿ ಎಲ್ಲಾರೂ, ಮತ್ತ ಮೊದಲಿಂದ ಓದೂಣು. ಸಾಹೇಬ್ರ, ಈ ಸಲ ನೀವ ದನಿ ತಗೀರಿ."

ತೆಗೆದೆ. ನಡುವೆ ಉಸಿರು ಸಾಲದೆ ನಿಂತೆ. ಆಗ ಅವರ ದನಿ ಮೆಲ್ಲಗೆ ಬಂದು ನನ್ನದನ್ನು ಹಿಡಿದುಕೊಂಡಿತು. ಅದಕ್ಕೂ ಅಸೂಯೆಪಟ್ಟೆ, ದೇವರು ಕ್ಷಮಿಸಲಿ.

ಮಾಬುನ್ನಿ ಈಗ ಒಬ್ಬಳೇ ನಡೆದು ಹೋಗಿ ತರಕಾರಿ ತರುತ್ತಾಳೆ. "ಊರಿಗೆ ಹೋಗಿಬಿಡೂಣೇನ್ರಿ?" ಎನ್ನುತ್ತಾಳೆ. ನಾನು ಅವಳ ಕೈಯಿಂದ ಚೀಲ ಇಸಿದುಕೊಳ್ಳುತ್ತೇನೆ. ಸಿರುಗುಪ್ಪಕ್ಕೆ ಬಂದಾಗ ನೀವೆಲ್ಲ ಈಗಲೂ ನನ್ನನ್ನೇ ಮುಂದೆ ಕೂರಿಸುತ್ತೀರಿ. ಕೂರುತ್ತೇನೆ, ಓದುತ್ತೇನೆ. ಆದರೆ ಅಲ್ಲಿ ಬಳ್ಳಾರಿಯಲ್ಲಿ, ಕಾಸಿಂ ಭಾಯಿಯ ಪಕ್ಕದಲ್ಲಿ ಇವತ್ತು ಯಾರು ಕುಳಿತಿದ್ದಾರೋ ಎಂದು ಒಳಗೇ ಉರಿಯುತ್ತಿರುತ್ತೇನೆ.