ಬೆಲ್ಲೋನಾಳ ಉಡಿ

ಶ್ರೇಯಾ, ಸಮ್ಯಕ್,

ಕನ್ನಡ ಓದಲು ನಿಮಗೆ ಅಕ್ಷರ ಕೂಡಿಸಿ ಕೂಡಿಸಿ ಹೊತ್ತು ಹಿಡಿಯುತ್ತದೆ ಎಂದು ಗೊತ್ತು. ಬೇಸರವಾದರೆ ನಿಮ್ಮ ಅವ್ವನಿಂದ ಓದಿಸಿಕೊಳ್ಳಿ. ನಾಲ್ಕು ಜನರ ಮುಂದೆ ಬಾಯಿ ಬಿಟ್ಟು ಹೇಳುವುದು ನನಗೆ ಮೊದಲಿನಿಂದಲೂ ಆಗದ ಕೆಲಸ. ಬರೆಯುವುದಾದರೆ ಹೇಗೋ ಆಗುತ್ತದೆ.

ಹೋದ ವಾರ ಶ್ರೇಯಾ ಪುಸ್ತಕ ಹಿಡಿದು ಅಡಿಗೆಮನೆಗೆ ಬಂದಳು. ಪುಟದ ತುಂಬ ಕಬ್ಬಿಣದ ಟೊಪ್ಪಿಗೆ ಹಾಕಿದ ಗಡ್ಡದ ಗಂಡಸು. "ಆಜಿ, ಹಾ ಬಘ, ರೋಮಚಾ ಯುದ್ಧಾಚಾ ದೇವ, ಮಾರ್ಸ್" ಎಂದು ಶಾಲೆಯ ಮರಾಠಿಯಲ್ಲಿ ರೋಮಿನ ಯುದ್ಧದೇವರನ್ನು ತೋರಿಸಿದಳು. "ಇಂವ ನನಗ ಗೊತ್ತ. ಇವನ ತಂಗಿ ಬೆಲ್ಲೋನಾನೂ ಗೊತ್ತ" ಎಂದೆ. ಆಜಿಗೆ ಇದನ್ನೆಲ್ಲ ಯಾರು ಕಲಿಸಿದರು ಎಂದು ಸಮ್ಯಕ್ ಹೊಟ್ಟೆ ಹಿಡಿದು ನಕ್ಕ. ನಾನು ರೊಟ್ಟಿ ಬಡಿಯುತ್ತ ಹೋದೆ. ಅವನ ಪ್ರಶ್ನೆಗೆ ಉತ್ತರ ಇಲ್ಲಿ ಬರೆಯುತ್ತಿದ್ದೇನೆ.

ನಾನು ನಿಮ್ಮಷ್ಟಿದ್ದಾಗ ಚಳಿಗಾಲ ಬಂತೆಂದರೆ ಊರೆಲ್ಲ ಬೆಲ್ಲದ ವಾಸನೆ. ನಮ್ಮ ಹಳ್ಳಿ ಮ್ಹೈಸಾಳದ ಹತ್ತಿರ, ಕೃಷ್ಣೆಯ ದಂಡೆಗೆ ಇತ್ತು. ಗಾಣಗಳಲ್ಲಿ ಕಬ್ಬಿನ ಹಾಲು ಕುದಿಯುವ ಕಂಪು ಶಾಲೆಯ ಕಿಟಕಿಯಿಂದ ಒಳಗೆ ಬಂದು, ಮಗ್ಗಿ ಹೇಳುತ್ತಿದ್ದವರ ಬಾಯಲ್ಲಿ ನೀರೂರಿಸುತ್ತಿತ್ತು. ಶಾಲೆ ಬಿಟ್ಟ ಕೂಡಲೇ ಹೊಲಕ್ಕೆ ಓಡಿ, ಎಳೆ ಜೋಳದ ತೆನೆ ಕೆಂಡದಲ್ಲಿ ಸುಟ್ಟು, ಅಂಗೈಯಲ್ಲಿ ತಿಕ್ಕಿ ಸೀತನಿ ತಿನ್ನುತ್ತಿದ್ದೆವು. ಆಮೇಲೆ ಜೋಳದ ದಂಟು ಮುರಿದು ಹುಡುಗರ ಕತ್ತಿವರಸೆ. ನಾನು ಬದುವಿನ ಮೇಲೆ ಕುಳಿತು ನೋಡುವವಳು.

ನನ್ನ ಪಕ್ಕದಲ್ಲಿ ಲಗಮವ್ವ ಕೂರುತ್ತಿದ್ದಳು. ಅವರದು ಕುರಿ ಕಾಯುವ ಮನೆತನ. ಗೊಬ್ಬರಕ್ಕೆಂದು ಅವರ ಕುರಿಗಳನ್ನು ಪ್ರತಿವರ್ಷ ರಾತ್ರಿ ಹೊತ್ತು ನಮ್ಮ ಹೊಲದಲ್ಲಿ ತರುಬಿ ನಿಲ್ಲಿಸುತ್ತಿದ್ದರು. ನಾವು ಜೋಳ ಕೊಡುತ್ತಿದ್ದೆವು. ನಾನು ಮಾತಾಡುವುದಿಲ್ಲವೆಂದು ಆಕೆ ನನಗೆ "ಮೂಕಿ" ಎಂದು ಹೆಸರಿಟ್ಟಿದ್ದಳು. "ಬಾ ಮೂಕಿ, ಕಂಬಳಿಯಾಗ ಬಾ. ಮಾತಾಡದವ್ರಿಗಿ ಥಂಡಿ ಜಾಸ್ತಿ" ಎಂದು ಎಳೆದುಕೊಳ್ಳುತ್ತಿದ್ದಳು.

ನಾನು ಹೇಳಹೊರಟ ವರ್ಷ ಲಗಮವ್ವನೂ ಮಾತು ಕಡಿಮೆ ಮಾಡಿದ್ದಳು. ದೂರದ ಗಡಿಯಲ್ಲಿ ಯುದ್ಧ ಹತ್ತಿತ್ತು. ನಮ್ಮೂರಿನಿಂದ ಮಿಲಿಟರಿಗೆ ಹೋದವನು ಒಬ್ಬನೇ, ಆಕೆಯ ಮಗ ಮಾಯಪ್ಪ. ಅವನ ಸುದ್ದಿ ಬಂದು ಬಹಳ ದಿನವಾಗಿತ್ತು. ಪಂಚಾಯತಿಯ ರೇಡಿಯೋ ಮುಂದೆ ಗಂಡಸರು ಗುಂಪಾಗಿ ಕೂತಾಗ ಆಕೆ ದೂರದಲ್ಲಿ ನಿಂತು, ಕೇಳಿದವರ ಮುಖ ನೋಡಿ ಹೋಗುತ್ತಿದ್ದಳು. ರೇಡಿಯೋದ ಮಾತು ಆಕೆಗೆ ತಿಳಿಯುತ್ತಿರಲಿಲ್ಲ.

ಅದೇ ಹೊತ್ತಿಗೆ ಶಾಲೆಯ ಗ್ಯಾದರಿಂಗ್, ಅಂದರೆ ವರ್ಷದ ಹಬ್ಬ, ಬಂತು. ನಮ್ಮ ಹಿರೇಮಠ ಮಾಸ್ತರು ಧಾರವಾಡದ ಕಡೆಯವರು. ಯಾವ ಯಾವ ದೇಶದ ದೇವರ ಕಥೆಗಳೋ ಅವರಿಗೆ ಗೊತ್ತಿದ್ದವು. ಮಾರ್ಸ್ ಎಂಬವನು ಮೊದಲು ರೈತರ ಹೊಲವನ್ನೂ ಕಾಯುವ ದೇವರಾಗಿದ್ದನಂತೆ. "ಆಮ್ಯಾಲ ಜನಾ ಅವನ ಕೈಯಾಗ ಬರೇ ಭಾಲೆ ಉಳಿಸಿದ್ರು ನೋಡ್ರೋ" ಎಂದು ಈಟಿ ಹಿಡಿದವರ ಹಾಗೆ ಕೈ ಎತ್ತುತ್ತಿದ್ದರು. ಅವನ ತಂಗಿ ಬೆಲ್ಲೋನಾ, ಚಾಬೂಕು ಪಂಜು ಹಿಡಿದ ಯುದ್ಧದ ದೇವಿ. ಸತ್ತವರ ರಾಜ್ಯ ಆಳುವವನು ಪ್ಲೂಟೋ. ಎರಡು ಮುಖದ ಜಾನಸ್ ಎಂಬ ದೇವರ ಗುಡಿಯ ಬಾಗಿಲನ್ನು ಯುದ್ಧ ಹತ್ತಿದಾಗ ತೆರೆಯುವುದು, ಯುದ್ಧ ನಿಂತಾಗ ಮುಚ್ಚುವುದು. "ಮುಚ್ಚಿದ್ದ ಕಡಿಮಿ" ಎಂದು ಮಾಸ್ತರು ನಿಟ್ಟುಸಿರು ಬಿಟ್ಟಿದ್ದು ನೆನಪಿದೆ.

ಇದನ್ನೇ ಅವರು ನಾಟಕ ಮಾಡಿದರು. ಕುಂಬಾರ ಶಂಕರ ಮಾರ್ಸ್ ಆದ. ಅರ್ಧ ಸೋರೆಬುರುಡೆಗೆ ಹುಂಜದ ಪುಕ್ಕ ಸಿಕ್ಕಿಸಿ ಟೊಪ್ಪಿಗೆ. ಜಾನಸನಿಗೆ ಎರಡು ಮುಖ ಬೇಕೆಂದು ಅವಳಿಜವಳಿ ಹುಡುಗರನ್ನು ಬೆನ್ನಿಗೆ ಬೆನ್ನು ಹಚ್ಚಿ ಒಂದೇ ಧೋತರದಲ್ಲಿ ಕಟ್ಟಿದರು. ಬೆಲ್ಲೋನಾಳ ಪಾತ್ರ ನನಗೆ ಬಂತು.

ನಮ್ಮ ಆಯಿ, ಅಂದರೆ ನನ್ನ ಅಪ್ಪನ ತಾಯಿ, ಮಾಸ್ತರನ್ನು ಮನೆಗೇ ಕರೆಸಿದಳು.

"ಏನ್ರಿ ಮಾಸ್ತರ, ನಾವು ಜೈನ ಮಂದಿ. ಈ ಹುಡುಗಿ ಕೈಲೆ ಒಂದ್ ಇರಿವಿ ಸಾಯಂಗಿಲ್ಲ. ಇದು ಯುದ್ಧದ ದೇವಿ ಆಗೂದಂದ್ರ ಹೆಂಗ?"

"ಅದಕ್ಕ ಇಕಿನ್ನ ಆರಿಸೇನ್ರಿ ಆಯಿ. ಮಾತಿಲ್ಲ, ಹೊಡದಾಟಿಲ್ಲ. ಬಂದು ಬಾಗಲಾ ತಗಿಯೂದು, ನಿಂದರೂದು. ಅಷ್ಟರಿ."

"ಚಾಬೂಕ ಚಕ್ಕಳದ್ದೇನು?"

"ಹೌದ್ರಿ."

"ಹಂಗಾರ ಬ್ಯಾಡ. ಮತ್ತ ಪಂಜಿನಾಗ ಹುಳ ಬಿದ್ದು ಸಾಯತಾವ, ಅದೂ ಬ್ಯಾಡ."

ಹೀಗೆ ನನ್ನ ಚಾಬೂಕು ಹತ್ತಿಯ ಹಗ್ಗದ್ದಾಯಿತು, ಪಂಜು ಕೆಂಪು ಕಾಗದದ್ದಾಯಿತು. ನಮ್ಮಲ್ಲಿ ಹೊತ್ತು ಮುಳುಗುವ ಮೊದಲೇ ಊಟವಾದ್ದರಿಂದ ನಾಟಕ ಮಧ್ಯಾಹ್ನವೇ ಆಗಬೇಕೆಂಬ ಕರಾರೂ ಆಯಿತು.

ಪರದೆಗೆ ಕಂಬಳಿ ಕೇಳಲು ನನ್ನನ್ನೇ ಲಗಮವ್ವನ ಬಳಿ ಕಳಿಸಿದರು. "ಯಾವ ದೇವ್ರ ಆಟ ಮೂಕಿ?" ಎಂದಳು. "ಯುದ್ಧದ ದೇವಿ. ನಾನ ದೇವಿ" ಎಂದೆ. ಕಂಬಳಿ ಮಡಿಸುತ್ತಿದ್ದ ಆಕೆಯ ಕೈ ನಿಂತಿತು. ಆಮೇಲೆ ಕಂಬಳಿಯನ್ನು ನನ್ನ ಹೆಗಲಿಗೆ ಹಾಕಿದಳು.

ನಮ್ಮೂರಿನ ಒಂದು ಪದ್ಧತಿ ನೀವು ತಿಳಿದಿರಬೇಕು. ನಾಟಕದಲ್ಲಿ ದೇವರ ಬಣ್ಣ ಹಚ್ಚಿದವರು ಮುಖ ತೊಳೆಯುವ ತನಕ ದೇವರೇ. ಬಣ್ಣ ಹಚ್ಚುವ ಮೊದಲು ಕಾಯಿ ಒಡೆಯುತ್ತಿದ್ದರು. ಆಮೇಲೆ ಅವರನ್ನು ಹೆಸರು ಹಿಡಿದು ಕರೆಯುವಂತಿಲ್ಲ. ಹಿರಿಯರೂ ಕೈ ಮುಗಿಯುತ್ತಿದ್ದರು. ರೋಮಿನ ದೇವರಿಗೆ ಈ ಪದ್ಧತಿ ಹತ್ತುತ್ತದೋ ಇಲ್ಲವೋ ಎಂದು ಮಾಸ್ತರು ಯೋಚಿಸಿರಲಿಲ್ಲ. ಊರಿನವರಿಗೆ ಅದರಲ್ಲಿ ಯೋಚಿಸುವಂಥದ್ದೇನೂ ಇರಲಿಲ್ಲ.

ನಾಟಕದ ದಿನ ಅವ್ವನ ಇಳಕಲ್ ಸೀರೆ ಉಟ್ಟು, ಹಣೆತುಂಬ ಕೆಂಪು ಬಳಿದುಕೊಂಡು, ಕುರಿ ವಾಸನೆಯ ಪರದೆಯ ಹಿಂದೆ ನಿಂತಿದ್ದೆ. ಶಂಕರ ಕಾಲಿಟ್ಟ ಕೂಡಲೇ ಕುರುಬರ ಓಣಿಯವರು ಅವನ ಮೇಲೆ ಭಂಡಾರದ ಅರಿಶಿನ ತೂರಿ "ಚಾಂಗಭಲಂ!" ಎಂದು ದೇವರಿಗೆ ಜಯಕಾರ ಕೂಗಿದರು. ಮಾರ್ಸ್ ಸೀನುತ್ತಲೇ ಯುದ್ಧ ಸಾರಿದ. ಡೊಳ್ಳು ಬಾರಿಸಿದರು. ನಾನು ಹೋಗಿ, ಮುರಿದ ಚಕ್ಕಡಿಯ ಹಲಗೆಯಿಂದ ಮಾಡಿದ ಜಾನಸನ ಗುಡಿಯ ಬಾಗಿಲು ಎಳೆದು ತೆರೆದೆ. ಅದರ ಹಿಂದೆ ದಂಟಿನ ಭಾಲೆ ಹಿಡಿದ ಹುಡುಗರ ದಂಡು ಹೊರಡಲು ನಿಂತಿತ್ತು. ಆಚೆ ಮೂಲೆಯಲ್ಲಿ ಪ್ಲೂಟೋ ಆದ ಹುಡುಗ ತನ್ನ ಮಾತು ಮರೆತು, ಅವರಪ್ಪ ಬೀಗರನ್ನು ಕರೆಯುವ ಹಾಗೆ ಕರೆದುಬಿಟ್ಟ: "ಬರ್ರಿ, ಬರ್ರಿ, ಕುಂದ್ರಿ. ಜಾಗಾ ಭಾಳ ಐತಿ!"

ಜನ ಬಿದ್ದು ಬಿದ್ದು ನಕ್ಕರು. ನಗುವಿನ ನಡುವೆ ಲಗಮವ್ವ ಎದ್ದಳು.

ನೇರವಾಗಿ ನಾಟಕದ ಕಟ್ಟೆ ಏರಿ ನನ್ನ ಮುಂದೆ ಬಂದು ನಿಂತಳು. ಆಕೆಯ ಮಡಿಲಲ್ಲಿ ಜೋಳ, ಕೊಬ್ಬರಿ ಬಟ್ಟಲು, ಅರಿಶಿನ ಕೊಂಬು, ಕುಪ್ಪಸಕ್ಕೆ ಒಂದು ಹಸಿರು ಖಣ. ಮನೆಯಿಂದಲೇ ತಯಾರಾಗಿ ಬಂದಿದ್ದಳು.

"ಉಡಿ ಒಡ್ಡ ತಾಯಿ."

ಮೂಕಿ ಎನ್ನಲಿಲ್ಲ. ನಾನು ಸೆರಗು ಒಡ್ಡಿದೆ.

"ನೀ ಯಾವ ಊರಾಕಿನೋ ನನಗ ತಿಳಿಯಂಗಿಲ್ಲ" ಎಂದು ಒಂದೊಂದೇ ಹಾಕುತ್ತ ಹೇಳಿದಳು. "ನಮ್ಮ ಬೀರಪ್ಪ ಕುರಿ ಕಾಯಾವ. ತ್ವಾಳ ಬಂದ್ರ ಓಡಸ್ತಾನ. ಈ ಬಂದೂಕ, ತೋಫು ಅವಂಗ ಗೊತ್ತಾಗಂಗಿಲ್ಲ. ಇದು ನಿನ್ನ ಕೆಲಸ. ನನ್ನ ಮಾಯಪ್ಪನ್ನ ಮನೀಗಿ ಕಳಸು."

ನಗು ನಿಂತುಹೋಯಿತು. ಪರದೆಯ ಹಿಂದಿನಿಂದ ಮಾಸ್ತರು "ಏನರ ಅನ್ನು, ಹೂಂ ಅನ್ನು" ಎಂದು ಪಿಸುಗುಟ್ಟಿದರು. ಆಕೆ ಕಾಯುತ್ತ ನಿಂತೇ ಇದ್ದಳು. ನಾನು ಒಂದು ಕೈಯಲ್ಲಿ ಉಡಿ ಹಿಡಿದು, ಇನ್ನೊಂದು ಕೈಯಲ್ಲಿ ಬಾಗಿಲು ನೂಕಿದೆ. ಮುಚ್ಚಿದೆ. ಬೆನ್ನು ಕೊಟ್ಟು ನಿಂತೆ.

"ಏ ಪದ್ಮಿ, ನಾವಿನ್ನಾ ಹೋಗಿಲ್ಲ!" ಎಂದು ಪದ್ಧತಿ ಮರೆತು ನನ್ನ ಹೆಸರನ್ನೇ ಹಿಡಿದು ಒಳಗಿನಿಂದ ದಂಡು ಗುದ್ದಿತು. ನಾನು ಸರಿಯಲಿಲ್ಲ.

ಮಾಸ್ತರು ಹೊರಗೆ ಬಂದರು. ಬೈಯುತ್ತಾರೆ ಅಂದುಕೊಂಡೆ. ಅವರು ಲಗಮವ್ವನನ್ನು ನೋಡಿದರು, ಬಾಗಿಲು ನೋಡಿದರು, ಜನರ ಕಡೆ ತಿರುಗಿ ಕೈ ಮುಗಿದರು. "ಇವತ್ತ ರೋಮಿನಾಗ ಯುದ್ಧ ನಿಂತೈತ್ರಿ. ನಾಟಕ ಮುಗೀತು."

ಉಡಿಯ ಜೋಳದ ರೊಟ್ಟಿಯನ್ನು ಆಯಿ ಮರುದಿನ ಮಾಡಿ ಬಡಿಸಿದಳು. ನನಗೆ ಇಳಿಯಲಿಲ್ಲ. ಮುಖ ತೊಳೆದ ಮೇಲೆ ನಾನು ಬರೀ ಪದ್ಮಿ; ಬಾಗಿಲು ಮುಚ್ಚಿ ಕೊಟ್ಟ ಮಾತು ಮಾತ್ರ ತೊಳೆದು ಹೋಗಿರಲಿಲ್ಲ. ಯುದ್ಧ ನಿಂತಿತೆಂದು ರೇಡಿಯೋ ಹೇಳಿತು. ಆದರೂ ಮಾಯಪ್ಪ ಬರಲಿಲ್ಲ. ಲಗಮವ್ವ ಎದುರು ಬಂದರೆ ನಾನು ಓಣಿ ಬದಲಿಸುತ್ತಿದ್ದೆ. ಗಾಣಗಳು ನಿಂತವು, ಬೆಲ್ಲದ ವಾಸನೆ ಹೋಯಿತು, ಬಿಸಿಲು ಬಲಿಯಿತು.

ಒಂದು ಬೆಳಿಗ್ಗೆ ನಮ್ಮ ಅಂಗಳದಲ್ಲಿ ಗದ್ದಲ. ಬಾಗಿಲ ಸಂದಿಯಿಂದ ನೋಡಿದೆ. ಲಗಮವ್ವ ಒಬ್ಬ ತೆಳ್ಳಗಿನ ಮನುಷ್ಯನ ರಟ್ಟೆ ಹಿಡಿದು ನಿಂತಿದ್ದಳು. ಮಿರಜಿನಲ್ಲಿ ರೈಲು ಇಳಿದು ಬಂದವನನ್ನು ಸೀದಾ ನಮ್ಮ ಮನೆಗೆ ಎಳೆದು ತಂದಿದ್ದಳು. ಮಾಯಪ್ಪನ ಎಡಗೈಯಲ್ಲಿ ಬೆರಳುಗಳಿರಲಿಲ್ಲ.

"ಇಕಿನ ನೋಡು, ಬಾಗಲಾ ಮುಚ್ಚಿದಾಕಿ."

ಅವನು ನಕ್ಕು, ಬಲಗೈ ಹಣೆಗೆ ಹಚ್ಚಿ ನನಗೆ ಸಲಾಮು ಹೊಡೆದ. ನಾನು ಕಂಬದ ಹಿಂದೆ ಅಡಗಿ ಅತ್ತೆ.

ಅಲ್ಲಿಂದ ಪ್ರತಿವರ್ಷ, ನಾನು ಮದುವೆಯಾಗಿ ಸಾಂಗ್ಲಿಗೆ ಬಂದ ಮೇಲೂ, ತವರಿಗೆ ಹೋದಾಗಲೆಲ್ಲ ಲಗಮವ್ವ ನನ್ನ ಉಡಿ ತುಂಬುತ್ತಿದ್ದಳು. ನಿಮ್ಮ ಅಜ್ಜ ತೀರಿಕೊಂಡ ಮೇಲೆ ನನಗೆ ಯಾರೂ ಉಡಿ ತುಂಬುವಂತಿರಲಿಲ್ಲ. ಕೂಸಿಗೆ ಹೆಸರಿಡುವ ಬಾರಸಿಯಲ್ಲಿ, ಮದುವೆಯಲ್ಲಿ ಉಡಿಯ ತಾಟು ನನ್ನನ್ನು ದಾಟಿ ಮುಂದಿನವರಿಗೆ ಹೋಗುತ್ತಿತ್ತು. ನಾನೇ ಅಡಿಗೆಮನೆಯಲ್ಲಿ ಕೂರುವುದನ್ನು ಕಲಿತೆ.

ಆ ವರ್ಷ ಲಗಮವ್ವ ಬಸ್ಸು ಹತ್ತಿ ಸಾಂಗ್ಲಿಗೆ ಬಂದಳು. ನಡು ಬಾಗಿತ್ತು, ಆಕೆಯ ಹಣೆಯೂ ಬರಿದಾಗಿತ್ತು. ಸೆರಗಿನ ಗಂಟು ಬಿಚ್ಚಿದಾಗ ನಾನು ಹಿಂದೆ ಸರಿದೆ. "ಬ್ಯಾಡ ಲಗಮವ್ವ, ಮಂದಿ ಏನಂತಾರ?"

"ನಿನಗ್ಯಾರ ತುಂಬಾಕತ್ತಾರ? ನಾ ದೇವಿಗಿ ತುಂಬಾಕತ್ತೇನಿ. ದೇವಿಗಿ ಗಂಡ ಅದಾನೋ ಇಲ್ಲೋ ಅಂತ ಯಾರರ ಕೇಳತಾರೇನ? ಒಡ್ಡು ಮೂಕಿ."

ಒಡ್ಡಿದೆ. ಆಕೆ ಇರುವ ತನಕ ಒಡ್ಡಿದೆ.

ಈಗ ಆಕೆ ಇಲ್ಲ. ಕುರಿ ತರುಬುತ್ತಿದ್ದ ನಮ್ಮ ಹೊಲಕ್ಕೆ ಚೀಲದ ಗೊಬ್ಬರ ಬರುತ್ತದೆ. ನಾವು ಆಡಿದ ಕಟ್ಟೆಯ ಮೇಲೆ ಕನ್ನಡ ಮಾತೇ ಅಪರೂಪ. ಯುದ್ಧವನ್ನು ನೀವು ಟಿ.ವಿ.ಯಲ್ಲಿ ನೋಡುತ್ತೀರಿ, ನಾನು ನಿಮ್ಮ ಹಿಂದೆ ನಿಂತು ನೋಡುತ್ತೇನೆ, ಯಾರ ಮನೆಯ ಮಾಯಪ್ಪನೋ ಎಂದು. ಉಡಿ ಹಿಡಿದು ಕಟ್ಟೆ ಏರುವಷ್ಟು ನಂಬುವವರು ಈಗ ಕಾಣುವುದಿಲ್ಲ. ನನ್ನ ಉಡಿಯೂ ಖಾಲಿ.

ಲಗಮವ್ವ ಅವತ್ತು ಹಾಕಿದ ಹಸಿರು ಖಣವನ್ನು ನಾನು ಹೊಲಿಸಲೇ ಇಲ್ಲ. ಅದು ನನ್ನ ಟ್ರಂಕಿನ ತಳದಲ್ಲಿದೆ, ಮಡಿಕೆಯಲ್ಲಿ ಇನ್ನೂ ಅರಿಶಿನ. ಈ ಹಾಳೆಗಳನ್ನು ಅದರಲ್ಲೇ ಸುತ್ತಿ ಇಡುತ್ತೇನೆ. ಜೋಪಾನವಾಗಿ ಇಟ್ಟುಕೊಳ್ಳಿ, ಮಕ್ಕಳೇ. ತೆಗೆಯುವಾಗ ಉಡಿ ಒಡ್ಡಿದ ಹಾಗೆ ಎರಡೂ ಕೈಯಲ್ಲಿ ತೆಗೆಯಿರಿ.